ಪಶುಗಳ ಇಂಗಿತವೂ ವೈದ್ಯನ ನಿದಾನವೂ

ಮನುಷ್ಯರ ವೈದ್ಯನು “ಎಲ್ಲಿ ನೋವು?” ಎಂದು ಕೇಳಿ ನಿದಾನಕ್ಕೆ ತೊಡಗುವನು. ಪಶುವೈದ್ಯನಿಗೆ ಆ ಅನುಕೂಲವಿಲ್ಲ. ಮೂಕಪ್ರಾಣಿಯ ನಿಲವು, ನೋಟ, ಕಿವಿ, ಬಾಲ ಇವುಗಳ ಇಂಗಿತವೇ ಅವನ ಪಾಲಿಗೆ ರೋಗಿಯ ಮಾತು. ಕನ್ನಡಕ್ಕೆ ಪಶುವೈದ್ಯವು ಹೊಸದಲ್ಲ. ಚಾಲುಕ್ಯ ರಾಜಕುಮಾರನಾದ ಕೀರ್ತಿವರ್ಮನು 12ನೆಯ ಶತಮಾನದ ಮೊದಲ ಭಾಗದಲ್ಲಿಯೇ ‘ಗೋವೈದ್ಯ’ವನ್ನು ರಚಿಸಿದನು. ಆದರೆ ಇಂಗಿತವನ್ನು ಓದುವ ವಿದ್ಯೆ ಗ್ರಂಥಗಳಿಗಿಂತಲೂ ಪ್ರಾಣಿಗಳೊಡನೆ ಬಾಳುವವರಲ್ಲಿ ಹೆಚ್ಚಾಗಿ ಉಳಿದುಬಂದಿದೆ.

ಮೈಸೂರು ಜಿಲ್ಲೆಯ ಪಶ್ಚಿಮಭಾಗವೇ ಇದಕ್ಕೆ ನಿದರ್ಶನ. ಹೆಗ್ಗಡದೇವನಕೋಟೆ ತಾಲ್ಲೂಕಿನ ಕಾಕನಕೋಟೆಯಲ್ಲಿ 1971ರವರೆಗೂ ಖೆಡ್ಡಾ ನಡೆಯಿತು. ಆನೆಗಳನ್ನು ಪಳಗಿಸಿದ ಮಾವುತರ ಮತ್ತು ಕಾವಾಡಿಗಳ ಪರಂಪರೆ ಅಲ್ಲಿನ ಬಳ್ಳೆ ಶಿಬಿರದಲ್ಲಿ ಮುಂದುವರಿದಿದೆ. ಕಿವಿ ಬೀಸದೆ, ಬಾಲವಾಡಿಸದೆ ನಿಂತ ಆನೆಯನ್ನು ಕಂಡೊಡನೆಯೇ ಮಾವುತನು ಅದರ ಅಸ್ವಾಸ್ಥ್ಯವನ್ನು ಶಂಕಿಸುವನು. ಗಂಡಸ್ಥಲದಿಂದ ಮದ ಸುರಿದರೆ ಎಚ್ಚರದಿಂದ ದೂರವಿರುವನು. ಆನೆಯ ಉಗ್ರತೆಯನ್ನು ಅವನು ದುರ್ಗುಣವೆಂದು ಎಣಿಸುವುದಿಲ್ಲ, ದೇಹಸ್ಥಿತಿಯೆಂದು ಬಲ್ಲನು.

ನಾಯಿಯ ವಿಷಯದಲ್ಲಿಯಾದರೋ ನಾವು ಈ ವಿವೇಕವನ್ನು ತೋರಿರುವುದು ಕಡಿಮೆ. ಹುಣಸೂರು, ಪಿರಿಯಾಪಟ್ಟಣಗಳ ಹೊಗೆಸೊಪ್ಪಿನ ಸೀಮೆಯಲ್ಲಾಗಲಿ, ಕೃಷ್ಣರಾಜನಗರದ ಗದ್ದೆಬಯಲಿನಲ್ಲಾಗಲಿ ನಾಯಿಯಿಲ್ಲದ ಊರಿಲ್ಲ. ವಾಹನಕ್ಕೆ ಸಿಕ್ಕಿ ಕಾಲು ಮುರಿದ ನಾಯಿ ಹಲ್ಲು ಕಿರಿದರೆ ಅದನ್ನು ದುಷ್ಟವೆಂದು ಬಗೆದು ಅಟ್ಟುವರು. ವಾಸ್ತವವಾಗಿ ಅದು ನೋವಿನ ಮತ್ತು ಭಯದ ಭಾಷೆ. ಬಾಲವನ್ನು ಕಾಲ ನಡುವೆ ಅಡಗಿಸುವುದು, ಕಿವಿಯನ್ನು ಹಿಂದಕ್ಕೆ ಒತ್ತುವುದು, ಮತ್ತೆ ಮತ್ತೆ ತುಟಿ ನೆಕ್ಕುವುದು, ಅಲುಗದೆ ಬಿಗಿದು ನಿಲ್ಲುವುದು ಇವೆಲ್ಲ ಕಚ್ಚುವುದಕ್ಕೆ ಮೊದಲಿನ ಎಚ್ಚರಿಕೆಗಳು. ಬಾಲವಾಡಿಸಿದ ಮಾತ್ರಕ್ಕೆ ಸ್ನೇಹವೆಂದೂ ತಿಳಿಯಕೂಡದು; ಮೈ ಬಿಗಿದು, ಬಾಲವನ್ನು ನೆಟ್ಟಗೆ ಎತ್ತಿ ಆಡಿಸುವುದು ಉದ್ರೇಕದ ಚಿಹ್ನೆಯಾಗಿರಬಹುದು. ರಕ್ಷಿಸಬಂದವನು ನಾಯಿಯ ಕಣ್ಣನ್ನು ದಿಟ್ಟಿಸದೆ, ಮೇಲೆ ಬಾಗದೆ, ಓರೆಯಾಗಿ ನಿಧಾನವಾಗಿ ಸಮೀಪಿಸಬೇಕು.

ಚಿಕಿತ್ಸಾಲಯದಲ್ಲಿಯೂ ಇದರ ಪ್ರಯೋಜನವುಂಟು. ಹೆದರಿದ ಪ್ರಾಣಿಯ ನಾಡಿಯ ವೇಗವೂ ಮೈಶಾಖವೂ ಏರುವುದರಿಂದ ಭಯವನ್ನೇ ರೋಗವೆಂದು ಭ್ರಮಿಸುವ ಸಂಭವವಿದೆ. ಪ್ರಾಣಿಯನ್ನು ಮೊದಲು ಶಾಂತಗೊಳಿಸಿ ಅನಂತರ ಪರೀಕ್ಷಿಸಿದರೆ ನಿದಾನವು ನಿಷ್ಕೃಷ್ಟವಾಗುವುದು.

ಇಂಗಿತದ ಅಜ್ಞಾನವು ಪ್ರಾಣಕ್ಕೇ ಎರವಾಗುವ ಸಂದರ್ಭವೊಂದುಂಟು. ಹುಚ್ಚುನಾಯಿಯೆಂದರೆ ಕಂಡಕಂಡವರ ಮೇಲೆ ಬೀಳುವುದೆಂಬುದೇ ಜನರ ಕಲ್ಪನೆ. ಆದರೆ ರೇಬೀಸಿನ ಇನ್ನೊಂದು ರೂಪದಲ್ಲಿ ನಾಯಿ ಮಂಕಾಗಿ ಮೂಲೆ ಸೇರುವುದು. ಕೆಳದವಡೆ ಜೋತು ಜೊಲ್ಲು ಸುರಿಯುವುದು. ದನಗಳಲ್ಲಿಯೂ ನುಂಗಲಾರದೆ ಜೊಲ್ಲು ಸುರಿಯುವ ಲಕ್ಷಣವುಂಟು. ಗಂಟಲಲ್ಲಿ ಏನೋ ಸಿಕ್ಕಿರಬೇಕೆಂದು ಕರುಣೆಯಿಂದ ಬಾಯಿಗೆ ಕೈ ಹಾಕಿದವನು ರೋಗವನ್ನೇ ಬರಮಾಡಿಕೊಳ್ಳಬಹುದು. ಲಕ್ಷಣಗಳು ತೋರಿದ ಮೇಲೆ ಈ ರೋಗವು ಬಹುಮಟ್ಟಿಗೆ ಅಸಾಧ್ಯ. ಆದುದರಿಂದ ಕಚ್ಚಿದ ಗಾಯವನ್ನಾಗಲಿ ಜೊಲ್ಲು ತಾಗಿದ ಗಾಯವನ್ನಾಗಲಿ ಒಡನೆಯೇ ಸಾಬೂನು ನೀರಿನಿಂದ 15 ನಿಮಿಷ ತೊಳೆದು, ತಡಮಾಡದೆ ಆಸ್ಪತ್ರೆಗೆ ಹೋಗಿ ಲಸಿಕೆ ಪಡೆಯಬೇಕು. ಕರುಣೆಗೆ ಜ್ಞಾನದ ಕಾವಲು ಬೇಕೆಂಬುದಕ್ಕೆ ಇದಕ್ಕಿಂತ ಬೇರೆ ಪ್ರಮಾಣವೇಕೆ?

ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ ಕ್ರಿ.ಶ. 949-50ರ ಸುಮಾರಿನಲ್ಲಿ, ಹಂದಿಯೊಡನೆ ಹೋರಾಡಿ ಮಡಿದ ‘ಕಾಳಿ’ ಎಂಬ ಬೇಟೆನಾಯಿಗೆ ಕಲ್ಲು ನೆಟ್ಟು ಭೂಮಿ ಬಿಟ್ಟರು. ಸತ್ತ ನಾಯಿಯ ಶೌರ್ಯವನ್ನು ಶಿಲೆಯಲ್ಲಿ ಬರೆಸಿದ ನಾಡು, ಬದುಕಿರುವ ನಾಯಿಯ ಇಂಗಿತವನ್ನು ಓದಲು ಕಲಿಯುವುದು ಆ ಗೌರವಕ್ಕೆ ತಕ್ಕ ನಡತೆಯಾದೀತು.