ದಾಖಲೆಯಲ್ಲಿ ಮೂಡುವ ಚಹರೆ: ಲಿನ್ ಹರ್ಷ್‌ಮನ್ ಲೀಸನ್ ಅವರ ಕಲೆ

ಕನ್ನಡ ವಿಮರ್ಶೆಯಲ್ಲಿ 'ಅಸ್ಮಿತೆ', 'ಅನನ್ಯತೆ'ಗಳ ಜೊತೆಗೆ 'ಚಹರೆ' ಎಂಬ ಪದವೂ ಬಳಕೆಯಲ್ಲಿದೆ. ಇದೇ ಪದ ಪೊಲೀಸರ 'ಚಹರೆ ಪಟ್ಟಿ'ಯಲ್ಲಿಯೂ ಇದೆ. ವ್ಯಕ್ತಿಯ ತಾನುತನ ಮತ್ತು ಅವನನ್ನು ಗುರುತಿಸಲು ಅನ್ಯರು ಬರೆದಿಟ್ಟ ದಾಖಲೆ ಇವೆರಡೂ ಒಂದೇ ಪದದಲ್ಲಿ ಕೂಡಿಕೊಂಡಿವೆ. ಇವುಗಳ ಸಂಬಂಧವನ್ನು ಐದು ದಶಕಗಳಿಂದ ಶೋಧಿಸುತ್ತ ಬಂದವರು ಅಮೆರಿಕದ ಕಲಾವಿದೆ ಲಿನ್ ಹರ್ಷ್‌ಮನ್ ಲೀಸನ್ (ಜ. 1941). ಅವರ ಮೂರು ಕೃತಿಗಳ ಮೂಲಕ ಈ ಶೋಧದ ಸ್ವರೂಪವನ್ನು ಗುರುತಿಸುವುದು ಪ್ರಸ್ತುತ ಲೇಖನದ ಉದ್ದೇಶ.

1970ರ ದಶಕದಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ನಗರದಲ್ಲಿ ಅವರು 'ರಾಬರ್ಟಾ ಬ್ರೈಟ್‌ಮೋರ್' ಎಂಬ ಮಹಿಳೆಯನ್ನು ಸೃಷ್ಟಿಸಿದರು. ಹೊಂಬಣ್ಣದ ಕೃತಕ ಕೂದಲು ಧರಿಸಿ ಸ್ವತಃ ತಾವೇ ರಾಬರ್ಟಾ ಆಗಿ ಬದುಕಿದರು. ರಾಬರ್ಟಾಳಿಗೆ ವಾಹನ ಚಾಲನಾ ಪರವಾನಗಿ, ಬ್ಯಾಂಕ್ ಖಾತೆ, ಕ್ರೆಡಿಟ್ ಕಾರ್ಡುಗಳಿದ್ದವು. ಆಕೆ ಮನೋವೈದ್ಯರನ್ನೂ ಕಾಣುತ್ತಿದ್ದಳು. ಸಹವಾಸಿ ಬೇಕೆಂದು ಪತ್ರಿಕೆಯಲ್ಲಿ ಜಾಹೀರಾತು ನೀಡಿ, ಬಂದವರನ್ನು ಭೇಟಿಯಾದಳು. ಆ ಭೇಟಿಗಳನ್ನು ದೂರದಿಂದ ಚಿತ್ರೀಕರಿಸಲಾಯಿತು. 1975ರ ಒಂದು ಛಾಯಾಚಿತ್ರದಲ್ಲಿ ರಾಬರ್ಟಾಳ ಮುಖದ ಮೇಲೆ ಎಲ್ಲೆಲ್ಲಿ ಯಾವ ಪ್ರಸಾಧನ ಬಳಿಯಬೇಕೆಂಬ ಸೂಚನೆಗಳಿವೆ. ಸ್ತ್ರೀಯ ಮುಖವೆಂಬುದೇ ಒಂದು ನಿರ್ಮಿತಿ ಎಂಬ ಸ್ತ್ರೀವಾದಿ ನಿಲುವು ಇಲ್ಲಿ ನಕ್ಷೆಯ ರೂಪ ಪಡೆದಿದೆ. ಮುಂದೆ ಬೇರೆ ಮಹಿಳೆಯರೂ ರಾಬರ್ಟಾ ಆದರು. 1978ರಲ್ಲಿ ಇಟಲಿಯ ಫೆರಾರಾದಲ್ಲಿ ಉಚ್ಚಾಟನೆಯ ವಿಧಿಯೊಂದರ ಮೂಲಕ ಈ ಪಾತ್ರ ಕೊನೆಗೊಂಡಿತು.

ಇದನ್ನು ಕೇವಲ ವೇಷವೆಂದು ಭಾವಿಸುವಂತಿಲ್ಲ. ವೇಷಕ್ಕೆ ಚೌಕಿಯಿದೆ, ಬಣ್ಣ ಕಳಚುವ ಹೊತ್ತಿದೆ, ನೋಡುವವರಿಗೆ ಅದು ವೇಷವೆಂಬ ಅರಿವಿದೆ. ರಾಬರ್ಟಾಳ ಎದುರು ಕುಳಿತವರಿಗೆ ಆ ಅರಿವಿರಲಿಲ್ಲ; ಬ್ಯಾಂಕಿಗೆ ಅದರ ಅಗತ್ಯವೂ ಇರಲಿಲ್ಲ. ಅರಿಯದವರನ್ನು ಕಲಾಕೃತಿಯೊಳಗೆ ಎಳೆದ ನೈತಿಕ ಪ್ರಶ್ನೆ ಉಳಿದೇ ಇದೆ. ಆದರೆ ಕೃತಿಯ ತಥ್ಯ ಇನ್ನೂ ಕಠೋರವಾದುದು: ಇಲ್ಲದವಳೊಬ್ಬಳು ದಾಖಲೆಯಿಂದ ಇರುವವಳಾಗಬಹುದಾದರೆ, ಇರುವವಳೊಬ್ಬಳು ದಾಖಲೆಯಿಲ್ಲದೆ ಇಲ್ಲದವಳಾಗಬಹುದು.

1980ರ ದಶಕದ ಆರಂಭದ 'ಲೋರ್ನಾ' ಲೇಸರ್ ಡಿಸ್ಕ್ ಬಳಸಿದ ಮೊದಲ ಸಂವಾದಾತ್ಮಕ ಕಲಾಕೃತಿಯೆಂದು ಪ್ರಸಿದ್ಧ. ಹೊರಜಗತ್ತಿಗೆ ಅಂಜಿ ಟಿವಿಯೊಡನೆ ಕೋಣೆಯಲ್ಲೇ ಉಳಿದ ಲೋರ್ನಾಳ ಬದುಕು ಹೇಗೆ ಸಾಗಬೇಕೆಂಬುದನ್ನು ವೀಕ್ಷಕರೇ ರಿಮೋಟ್ ಒತ್ತಿ ಆಯ್ದುಕೊಳ್ಳುತ್ತಾರೆ. ಟಿವಿಗೆ ಗುಂಡು ಹೊಡೆಯುವುದು, ಆತ್ಮಹತ್ಯೆ, ಊರು ಬಿಡುವುದು ಅಲ್ಲಿನ ಕೊನೆಗಳು. ಆಯ್ಕೆ ವೀಕ್ಷಕರದ್ದು ನಿಜ. ಆಯ್ಕೆಗಳ ಪಟ್ಟಿ ಮಾತ್ರ ಮೊದಲೇ ಮುದ್ರಿತವಾದುದು.

2002ರಲ್ಲಿ ಪೂರ್ಣಗೊಂಡ 'ಏಜೆಂಟ್ ರೂಬಿ' ಅಂತರ್ಜಾಲದಲ್ಲಿ ಸಂದರ್ಶಕರೊಡನೆ ಮಾತುಕತೆ ನಡೆಸುವ ಪಾತ್ರ. 2013ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಆಧುನಿಕ ಕಲಾ ಸಂಗ್ರಹಾಲಯವು ಆ ಸಂವಾದಗಳ ಕಡತವನ್ನೇ ಪ್ರದರ್ಶನಕ್ಕಿಟ್ಟಿತು. ರಾಬರ್ಟಾಳ ವಿಷಯದಲ್ಲಿ ಕಲಾವಿದೆ ಕಲ್ಪಿತ ವ್ಯಕ್ತಿಗೆ ಕಡತ ಕಟ್ಟಿದರೆ, ಇಲ್ಲಿ ಕಲ್ಪಿತ ಪಾತ್ರವೇ ನಿಜವಾದ ಮನುಷ್ಯರ ಮಾತಿನ ಕಡತ ಕಟ್ಟಿತು. ಈ ಪಲ್ಲಟವೇ ನಮ್ಮ ಕಾಲದ ಸ್ಥಿತಿ. ಆದುದರಿಂದ ಅಸ್ಮಿತೆಯ ಚರ್ಚೆಯಲ್ಲಿ 'ನಾನು ಯಾರು' ಎಂಬ ಪ್ರಶ್ನೆಯ ಜೊತೆಗೆ 'ನನ್ನ ಚಹರೆ ಪಟ್ಟಿಯನ್ನು ಬರೆಯುತ್ತಿರುವವರು ಯಾರು' ಎಂಬುದನ್ನೂ ಕೇಳಬೇಕಾಗಿದೆ.