ಬದುವಿಗೊಂದು ಕೋರ್ಟು, ಭಟ್ಕಳಕ್ಕೊಂದು ನಂಟು

ನವೆಂಬರ್ ಕೊನೆಯ ಚಳಿ. ಟ್ರ್ಯಾಕ್ಟರಿನ ಹಿಂದಿನ ಟ್ರೇಲರಿನಲ್ಲಿ ಹತ್ತು ಹನ್ನೆರಡು ರೈತರು. ಜೊತೆಗೆ ಒಂದಷ್ಟು ಮರದ ಗೂಟ, ಬಡಿಯಲು ಕೊಡತಿ. ಗೋಧಿ ಬಿತ್ತಿದ ಹೊಲದ ಅಂಚಿನಲ್ಲಿ ಇಳಿದು, ಒಂದು ತುದಿಯಿಂದ ಇನ್ನೊಂದು ತುದಿಗೆ ಕಣ್ಣಳತೆ ಹಿಡಿಯುತ್ತಾರೆ. ಯಾರೋ ಉಳುವಾಗ ದಾರಿಬದಿಯ ಹುಲ್ಲನ್ನು ಒಂದೆರಡಡಿ ಒತ್ತಿದ್ದಾರೆ. ಸರಿ, ಅಲ್ಲೊಂದು ಗೂಟ ಬಿತ್ತು, ಹೆಸರು ಬರೆದಾಯಿತು.

ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್‌ಶೈರ್‌ನ ಲ್ಯಾಕ್ಸ್‌ಟನ್ ಎಂಬ ಪ್ಯಾರಿಷ್‌ನಲ್ಲಿ ಇದು ವರ್ಷಾವರಿ ನಡೆಯುವ ‘ಜ್ಯೂರಿ ಡೇ’. ಪ್ಯಾರಿಷ್ ಎಂದರೆ ಮೂಲತಃ ಒಂದು ಚರ್ಚಿನ ಸರಹದ್ದು. ಕ್ರಮೇಣ ಸ್ಥಳೀಯ ಆಡಳಿತದ ಘಟಕವೂ ಆಯಿತು. ಪಶ್ಚಿಮಕ್ಕೆ ಶೆರ್ವುಡ್ ಕಾಡಿನ ಮರಳುನೆಲ, ಇಲ್ಲಿ ಮಾತ್ರ ಕಾಲಿಗೆ ಮೆತ್ತುವ ಕೆಂಪು ಜೇಡಿ. 1086ರ ಡೂಮ್ಸ್‌ಡೇ ದಫ್ತರದಲ್ಲೇ ಊರಿನ ಹೆಸರಿದೆ. ಉತ್ತರದ ಅಂಚಿನಲ್ಲಿ ನಾರ್ಮನ್ ಕೋಟೆಯ ಮಣ್ಣುದಿಬ್ಬ ಉಳಿದಿದೆ, ಕೋಟೆ ಉಳಿದಿಲ್ಲ.

ಇಂಗ್ಲೆಂಡಿನ ಹಳ್ಳಿ ಎಂದರೆ ಬೇಲಿ ಸುತ್ತಿದ ಚೌಕ ಹೊಲಗಳು ಕಣ್ಣ ಮುಂದೆ ಬರುತ್ತವೆ. ಲ್ಯಾಕ್ಸ್‌ಟನ್ ಹಾಗಿಲ್ಲ. ಸೌತ್ ಫೀಲ್ಡ್, ವೆಸ್ಟ್ ಫೀಲ್ಡ್, ಮಿಲ್ ಫೀಲ್ಡ್ ಎಂಬ ಮೂರು ದೊಡ್ಡ ಬಯಲುಗಳು. ಒಳಗೆ ಬೇಲಿಯಿಲ್ಲದ ಉದ್ದುದ್ದ ಪಟ್ಟೆಗಳು. ಒಬ್ಬೊಬ್ಬನ ಪಟ್ಟೆಗಳು ಮೂರೂ ಬಯಲಲ್ಲಿ ಚೆದುರಿರುತ್ತವೆ. ಒಳ್ಳೆಯ ಮಣ್ಣೂ ಜೌಗು ಮಣ್ಣೂ ಎಲ್ಲರ ಪಾಲಿಗೂ ಬರಲಿ ಎಂಬ ಲೆಕ್ಕ. ಒಂದು ಬಯಲಿಗೆ ಚಳಿಗಾಲದ ಗೋಧಿ, ಇನ್ನೊಂದಕ್ಕೆ ವಸಂತದ ಬಿತ್ತನೆ, ಮೂರನೆಯದು ಬೀಳು. ಮರುವರ್ಷ ಸರದಿ ಬದಲು. ಈಗೀಗ ಬೀಳಿನ ಜಾಗದಲ್ಲಿ ಮೇವು ಬೆಳೆಯುತ್ತಾರೆ. ಉಳಲಾಗದ ತಗ್ಗುಗಳಿಗೆ ಅಲ್ಲಿ ‘ಸೈಕ್’ ಎನ್ನುತ್ತಾರೆ. ಅಲ್ಲಿನ ಹುಲ್ಲು ಪ್ರತಿ ಬೇಸಿಗೆ ಹರಾಜಾಗುತ್ತದೆ. ಅಂದಹಾಗೆ, ನಮ್ಮ ಅಜ್ಜಂದಿರು ದಾರಿ ಅಳೆಯುತ್ತಿದ್ದ ‘ಫರ್ಲಾಂಗು’ ಹುಟ್ಟಿದ್ದು ಇಂಥ ಹೊಲಗಳಲ್ಲೇ. ಎತ್ತುಗಳು ಒಂದೇ ಸಮ ಎಳೆಯಬಲ್ಲ ಉಳುಮೆಸಾಲಿನ ಉದ್ದ ಅದು.

ಈ ಪಟ್ಟೆಗಳ ಚಕ್ಕುಬಂದಿಗೆ ಒಂದು ದಾಖಲೆಯಿದೆ. 1635ರಲ್ಲಿ ಮಾರ್ಕ್ ಪಿಯರ್ಸ್ ಎಂಬ ಮೋಜಣಿದಾರ ಚರ್ಮದ ಹಾಳೆಗಳ ಮೇಲೆ ಇಡೀ ಊರನ್ನು ಬರೆದ. ಪಟ್ಟೆಪಟ್ಟೆಗೂ ನಂಬರು, ನಡುನಡುವೆ ಉಳುವವರ, ಕೊಯ್ಯುವವರ ಪುಟಾಣಿ ಚಿತ್ರ. ಜೊತೆಗೆ ಯಾವ ನಂಬರು ಯಾರ ಹಿಡುವಳಿ ಎಂಬ ಪುಸ್ತಕ. ಅದನ್ನು ಪಹಣಿ ಎಂದೇ ಕರೆಯಬಹುದು. ನಕ್ಷೆ ಈಗ ಆಕ್ಸ್‌ಫರ್ಡಿನ ಬಾಡ್ಲಿಯನ್ ಗ್ರಂಥಾಲಯದಲ್ಲಿದೆ.

ಬರೆಸಿದವನು ಊರಿನ ಒಡೆಯ, ಲಂಡನ್ನಿನ ವರ್ತಕ ಸರ್ ವಿಲಿಯಂ ಕೋರ್ಟೀನ್. ಈ ಹೆಸರು ನಮ್ಮ ಕರಾವಳಿಯ ಇತಿಹಾಸ ಓದಿದವರಿಗೆ ಹೊಸದಲ್ಲ. ಅದೇ 1635ರಲ್ಲಿ ಅವನ ಕೂಟ ಈಸ್ಟ್ ಇಂಡಿಯಾ ಕಂಪನಿಗೆ ಸಡ್ಡು ಹೊಡೆದು, ಪೂರ್ವದೇಶಗಳ ವ್ಯಾಪಾರಕ್ಕೆ ಒಂದನೇ ಚಾರ್ಲ್ಸ್ ದೊರೆಯಿಂದ ಪರವಾನಗಿ ಪಡೆಯಿತು. ಮರುವರ್ಷ ಕ್ಯಾಪ್ಟನ್ ವೆಡೆಲ್‌ನ ಹಡಗುಗಳು ಹೊರಟವು. 1637ರಲ್ಲಿ ಭಟ್ಕಳಕ್ಕೆ ಬಂದವು. ಹಡಗಿನಲ್ಲಿದ್ದ ಪೀಟರ್ ಮಂಡಿ ಘಟ್ಟ ಹತ್ತಿ ಇಕ್ಕೇರಿಗೆ ಹೋಗಿ, ವೀರಭದ್ರ ನಾಯಕನ ಆಸ್ಥಾನ ಕಂಡದ್ದನ್ನು ದಿನಚರಿಯಲ್ಲಿ ಬರೆದಿಟ್ಟ. ಬೇಕಾಗಿದ್ದದ್ದು ಕಾಳುಮೆಣಸು. 1638ರಲ್ಲಿ ಸೋದೆ ಸೀಮೆಯ ಮೆಣಸಿನಾಸೆಗೆ ಕಾರವಾರದಲ್ಲೂ ಕೋಠಿ ತೆರೆದರು. ಕೋರ್ಟೀನ್ ಮಾತ್ರ ಇದ್ಯಾವುದನ್ನೂ ನೋಡಲಿಲ್ಲ. ಹಡಗು ಹೊರಟ 1636ರಲ್ಲೇ ತೀರಿಕೊಂಡ. ಮಗನ ಕಾಲಕ್ಕೆ ವ್ಯಾಪಾರ ಮುಳುಗಿತು, ಲ್ಯಾಕ್ಸ್‌ಟನ್ ಕೈಬಿಟ್ಟಿತು.

ನಕ್ಷೆಯಲ್ಲಿರುವ ಬೇಸಾಯ ಉಳಿದದ್ದು ಯಾರದೋ ದೂರದೃಷ್ಟಿಯಿಂದ ಎಂದುಕೊಂಡರೆ ತಪ್ಪು. 1604ರಿಂದ 1914ರವರೆಗೆ ಪಾರ್ಲಿಮೆಂಟು 5,200ಕ್ಕೂ ಹೆಚ್ಚು ಕಾಯ್ದೆ ಮಾಡಿ, ಸುಮಾರು 68 ಲಕ್ಷ ಎಕರೆ ತೆರೆದ ಬಯಲಿಗೂ ಗೋಮಾಳಕ್ಕೂ ಬೇಲಿ ಹಾಕಿಸಿತು. ಸಣ್ಣ ರೈತ ಕೂಲಿಯಾದ. ಲ್ಯಾಕ್ಸ್‌ಟನ್ ಬಚಾವಾದದ್ದಕ್ಕೆ ಮುಖ್ಯ ಕಾರಣ, ಅದರ ಇಬ್ಬರು ದೊಡ್ಡ ಭೂಮಾಲೀಕರಾದ ಮ್ಯಾನ್ವರ್ಸ್ ಮತ್ತು ಸ್ಕಾರ್ಬರೋ ಅರ್ಲ್‌ಗಳಿಗೆ ಜಮೀನಿನ ಅದಲುಬದಲಿನಲ್ಲಿ ಒಮ್ಮತ ಬಾರದಿದ್ದದ್ದು. ಹಾಗಂತ ಎಲ್ಲವೂ ಇದ್ದಂತೆಯೇ ಇಲ್ಲ. ಬಯಲು ಕುಗ್ಗಿದೆ, 20ನೇ ಶತಮಾನದ ಮೊದಲಲ್ಲಿ ಕಿರುಪಟ್ಟೆಗಳನ್ನು ಕೂಡಿಸಿ ಅಗಲ ಮಾಡಿದರು. 1952ರಲ್ಲಿ ಕೃಷಿ ಸಚಿವಾಲಯ ಊರನ್ನು ಕೊಂಡಿತು, 1981ರಲ್ಲಿ ಅದು ಕ್ರೌನ್ ಎಸ್ಟೇಟಿಗೆ ಹೋಯಿತು, 2020ರಲ್ಲಿ ಥೋರ್ಸ್‌ಬಿ ಎಸ್ಟೇಟಿಗೆ. ಥೋರ್ಸ್‌ಬಿ ಎಂದರೆ ಹಿಂದಿನ ಮ್ಯಾನ್ವರ್ಸ್ ಮನೆತನದ್ದೇ.

ಒಡೆಯರು ಬದಲಾದರೂ ಗೇಣಿದಾರರ ಕೋರ್ಟು ಬದಲಾಗಿಲ್ಲ. ಜ್ಯೂರಿ ಡೇ ಆದ ಒಂದು ವಾರಕ್ಕೆ ಡವ್‌ಕೋಟ್ ಎಂಬ ಪಬ್ಬಿನಲ್ಲಿ ‘ಕೋರ್ಟ್ ಲೀಟ್’ ಸೇರುತ್ತದೆ. ಬೈಬಲ್ ಮುಟ್ಟಿ ಪ್ರಮಾಣ, ಹಾಜರಿ, ಬಾರದವರಿಗೆ ದಂಡ, ಒತ್ತಿದವರಿಗೆ ದಂಡ. ಮೊತ್ತ ಪುಡಿಗಾಸು, ನೆರೆಯವರೆದುರು ಹೆಸರು ಓದಿಸಿಕೊಳ್ಳುವುದೇ ಭಾರ. ಕೊನೆಗೆ ಮುಂದಿನ ವರ್ಷ ಗೋಧಿ ಬೀಳುವ ಬಯಲಿಗೆ ಹೊಸ ಜ್ಯೂರಿಯನ್ನು ಹೆಸರಿಸುತ್ತಾರೆ. ಇವತ್ತು ದಂಡ ಕಟ್ಟಿದವನ ಕೈಗೆ ಆಗ ಕೊಡತಿ ಬಂದರೂ ಬಂದೀತು.