ಬಾಡಿಗೆಗೆ ಸ್ಟೂಡೆಂಟ್ ಏಡ್: ಕಟ್ಟಬಹುದು, ಆದರೆ ಲೆಕ್ಕವಿಟ್ಟು

ಅಮೆರಿಕದ ಕಾಲೇಜಿನಲ್ಲಿ ಓದುತ್ತಾ ಕ್ಯಾಂಪಸ್ಸಿನ ಹೊರಗೆ ಮನೆ ಮಾಡಿದವರು ಫೆಡರಲ್ ಸರ್ಕಾರದ ನೆರವಿನಲ್ಲಿ ಬಾಡಿಗೆ ಕಟ್ಟಬಹುದೇ? ಧಾರಾಳವಾಗಿ ಕಟ್ಟಬಹುದು. ಓದಿನ ಒಟ್ಟು ವೆಚ್ಚವೆಂದು ಕಾಲೇಜು ಹಾಕುವ ಅಂದಾಜಿನಲ್ಲಿ ಶುಲ್ಕ, ಪುಸ್ತಕದ ಜೊತೆ ಊಟ, ವಸತಿ, ಓಡಾಟವೂ ಸೇರಿವೆ. ನೆರವಿನ ಹಣದಲ್ಲಿ ಶುಲ್ಕ ಮುರಿದುಕೊಂಡು ಮಿಕ್ಕಿದ್ದನ್ನು ಕಾಲೇಜು ಸಾಮಾನ್ಯವಾಗಿ 14 ದಿನದೊಳಗೆ ವಿದ್ಯಾರ್ಥಿಗೆ ಕೊಡಬೇಕು. ಆದರೆ ಹಾಗೆ ಬಂದ ದುಡ್ಡೆಲ್ಲ ಒಂದೇ ಅಲ್ಲ. ಫೆಡರಲ್ ಸಹಾಯಧನವಾದ ಪೆಲ್ ಗ್ರಾಂಟನ್ನು ಸಾಮಾನ್ಯವಾಗಿ ಹಿಂದಿರುಗಿಸಬೇಕಿಲ್ಲ. 2025-26ರಲ್ಲಿ ಅದರ ಗರಿಷ್ಠ ಮೊತ್ತ 7,395 ಡಾಲರ್. ಸರ್ಕಾರ ಬಡ್ಡಿ ಭರಿಸದ ಅನ್‌ಸಬ್ಸಿಡೈಸ್ಡ್ ಸಾಲಕ್ಕಾದರೋ ಹಣ ಬಿಡುಗಡೆಯಾದ ದಿನದಿಂದಲೇ ಬಡ್ಡಿ. ಆದ್ದರಿಂದ ಬಾಡಿಗೆಗೆ ಮೊದಲು ಗ್ರಾಂಟ್, ಆಮೇಲೆ ದುಡಿಮೆ, ಕಟ್ಟಕಡೆಗೆ ಸಾಲ.

"ಮಂಜೂರಾದ ಸಾಲ ಬಿಡುವುದೇಕೆ, ಕಷ್ಟಕ್ಕಾಗುತ್ತದೆ" ಎನ್ನುವವರಿದ್ದಾರೆ. ಮಾತಿನಲ್ಲಿ ಹುರುಳಿದೆ: ಮನೆ ಕರಾರು ಸಾಮಾನ್ಯವಾಗಿ 12 ತಿಂಗಳಿನದು, ನೆರವು ಬರುವುದು ಸೆಮಿಸ್ಟರ್ ಲೆಕ್ಕದಲ್ಲಿ, ಡಿಪಾಸಿಟ್ಟಂತೂ ಅದಕ್ಕೂ ಮೊದಲೇ ಕಟ್ಟಬೇಕು. ಆದರೆ ಇದಕ್ಕೆ ಮದ್ದು ಪೂರ್ತಿ ಸಾಲ ಎತ್ತುವುದಲ್ಲ, ಬಂದ ಹಣವನ್ನು ಬೇಸಿಗೆ ರಜೆಯ ಬಾಡಿಗೆಗೂ ಸೇರಿಸಿ ತಿಂಗಳುವಾರು ಹಂಚಿಡುವುದು. ಬೇಕಾದಷ್ಟೇ ಸಾಲ ಒಪ್ಪಿಕೊಳ್ಳಬಹುದು. ಹೆಚ್ಚಾದದ್ದನ್ನು ಹಣ ಬಿಡುಗಡೆಯಾದ 120 ದಿನದೊಳಗೆ ಮರಳಿಸಿದರೆ ಆ ಮೊತ್ತಕ್ಕೆ ಬಡ್ಡಿಯಿಲ್ಲ, ಫೀಯೂ ಇಲ್ಲ. ಹಾಗಾದರೆ ಗ್ರಾಂಟ್ ಪೂರಾ ಪುಕ್ಕಟೆಯೇ? ಅದೂ ಅಲ್ಲ. ಊಟ, ಬಾಡಿಗೆಗೆ ಬಳಸಿದ ಗ್ರಾಂಟ್ ತೆರಿಗೆಯ ಲೆಕ್ಕದಲ್ಲಿ ಆದಾಯ; ಶುಲ್ಕಕ್ಕೆ ಮತ್ತು ಕೋರ್ಸಿಗೆ ಕಡ್ಡಾಯವಾದ ಪುಸ್ತಕ, ಸಾಮಗ್ರಿಗೆ ಬಳಸಿದ್ದಕ್ಕೆ ಮಾತ್ರ ವಿನಾಯಿತಿ.

ಕರ್ನಾಟಕದಿಂದ ಎಫ್-1 ವಿದ್ಯಾರ್ಥಿ ವೀಸಾದಲ್ಲಿ ಹೋಗುವವರಿಗೆ ಈ ಫೆಡರಲ್ ನೆರವು ಸಿಗುವುದಿಲ್ಲ. ಅದನ್ನು ನಂಬಿ ಮನೆ ಹಿಡಿಯಬೇಡಿ. ಅರ್ಹತೆ ಇರುವವರು ಕರಾರಿಗೆ ಸಹಿ ಹಾಕುವ ಮುನ್ನವೇ ಕಾಲೇಜಿನ ಏಡ್ ಆಫೀಸಿನಲ್ಲಿ ಎರಡು ಪ್ರಶ್ನೆ ಕೇಳಿ: ಕೈಗೆ ಎಷ್ಟು ಬರುತ್ತದೆ, ಯಾವತ್ತು ಬರುತ್ತದೆ?